ಅಜ್ಜಿಯ ಪಥ್ಯ, ಗಿರಣಿಯ ಅಕ್ಕಿ

ಮನೆಯಲ್ಲಿ ಒಂದು ಹೆರಿಗೆಯಾಯಿತೆಂದರೆ ಸಾಕು, ಎರಡು ಪಕ್ಷಗಳು ಹುಟ್ಟಿಕೊಳ್ಳುತ್ತವೆ. ಒಂದು, ಅಜ್ಜಿ, ಅತ್ತೆ, ದೊಡ್ಡಮ್ಮಂದಿರ ಪಕ್ಷ. "ನಮ್ಮ ಕಾಲದಲ್ಲಿ ಎಂಟೆಂಟು ಹೆತ್ತು, ಮೂರು ತಿಂಗಳು ಪಥ್ಯ ಮಾಡಿ, ಗಟ್ಟಿಯಾಗಿರಲಿಲ್ಲವೇ?" ಎಂಬುದು ಅವರ ವಾದ. ಇನ್ನೊಂದು, ಓದಿದ ಮಗಳು ಅಳಿಯಂದಿರ ಪಕ್ಷ. ಅವರ ಪ್ರಕಾರ ಅದೆಲ್ಲ ಮೂಢನಂಬಿಕೆ. ನಡುವೆ ಸಿಕ್ಕಿದ ಬಾಣಂತಿ ಅನ್ನ ಮೆಣಸಿನ ಸಾರು ಉಂಡುಕೊಂಡು, ಬಾಯಾರಿದರೂ ನೀರು ಕೇಳಲು ಹೆದರಿಕೊಂಡು ಕೂತಿರುತ್ತಾಳೆ.

ಯಾರು ಸರಿ, ಯಾರು ತಪ್ಪು ಎಂದು ತೀರ್ಪು ಕೊಡುವ ಮೊದಲು ಆ ಪಥ್ಯ ಹುಟ್ಟಿದ ಅಡಿಗೆಮನೆ ಹೇಗಿತ್ತು ಎಂಬುದನ್ನು ನೋಡಬೇಕು. ಏಕೆಂದರೆ ಬಹಳ ಮನೆಗಳಲ್ಲಿ ಪಥ್ಯ ಹಾಗೆಯೇ ಉಳಿದಿದೆ, ಅಡಿಗೆಮನೆ ಮಾತ್ರ ಪೂರ್ತಿ ಬದಲಾಗಿದೆ. ಇದರಿಂದ ಎದೆಹಾಲು ಕುಡಿಯುವ ಕೂಸಿನ ಪ್ರಾಣಕ್ಕೇ ಕುತ್ತು ಬರಬಹುದು ಎಂದರೆ ನೀವು ನಂಬಲಿಕ್ಕಿಲ್ಲ. ಅದನ್ನು ವಿವರಿಸುವುದೇ ಈ ವಾರದ ಉದ್ದೇಶ.

ಕೋಳಿ ಕೂಗುವ ಮೊದಲೇ

1930-40ರ ದಶಕದ ಒಂದು ಸಾಧಾರಣ ಒಕ್ಕಲು ಮನೆಯನ್ನು ಕಣ್ಣ ಮುಂದೆ ತಂದುಕೊಳ್ಳಿ. ತಾಯಿಯಾದವಳು ಏಳುತ್ತಿದ್ದುದು ಕೋಳಿ ಕೂಗುವ ಮೊದಲು. ರಾಗಿ ಬೀಸಬೇಕು, ಭತ್ತ ಕುಟ್ಟಬೇಕು, ಬಾವಿಯಿಂದಲೋ ಕೆರೆಯಿಂದಲೋ ಕೊಡಗಟ್ಟಲೆ ನೀರು ತರಬೇಕು. ಕೊಟ್ಟಿಗೆಯ ಸಗಣಿ ಬಾಚಿ, ಹಸಿ ಸೌದೆಯ ಒಲೆಯ ಮುಂದೆ ಊದುಕೊಳವೆ ಹಿಡಿದು ಹೊಗೆ ಕುಡಿಯಬೇಕು. ಆಮೇಲೆ ಹೊಲದ ಕಳೆ, ನಾಟಿ, ಕೊಯ್ಲು. ಸಂಜೆಗೆ ಮತ್ತೆ ಒರಳು, ಮತ್ತೆ ಒಲೆ. ಗಂಡಸರು, ಹಿರಿಯರು, ಮಕ್ಕಳು ಉಂಡೆದ್ದ ಮೇಲೆ ಪಾತ್ರೆಯ ತಳದಲ್ಲಿ ಉಳಿದದ್ದು ಅವಳ ಪಾಲು. ಬಸುರಿಯಾದಳೆಂದು ಈ ದಿನಚರಿಯಲ್ಲಿ ಹೆಚ್ಚು ವ್ಯತ್ಯಾಸವಾಗುತ್ತಿರಲಿಲ್ಲ.

ಇಂಥ ಬಾಳಿನಲ್ಲಿ ಅವಳಿಗೆ ಸಿಗುತ್ತಿದ್ದ ಒಂದೇ ರಜೆ ಬಾಣಂತನ. ತವರಿಗೆ ಬಂದರೆ ಕೊಡ ಮುಟ್ಟುವಂತಿಲ್ಲ, ಒನಕೆ ಮುಟ್ಟುವಂತಿಲ್ಲ. ಎಣ್ಣೆ ತಿಕ್ಕಿ ಹಂಡೆಗಟ್ಟಲೆ ಬಿಸಿನೀರು ಹೊಯ್ಯುವವರಿದ್ದಾರೆ. ಮನೆಯಲ್ಲಿ ಯಾರಿಗಿಲ್ಲದಿದ್ದರೂ ಬಾಣಂತಿಗೆ ತುಪ್ಪ ಇದೆ, ಒಣಕೊಬ್ಬರಿ ಇದೆ. ಉತ್ತರ ಕರ್ನಾಟಕದ ಕಡೆ ಅಂಟಿನುಂಡೆ, ಅಳವಿ ಪಾಯಸ. ಎಲ್ಲಕ್ಕಿಂತ ಮುಖ್ಯವಾಗಿ, ಎಲ್ಲರಿಗಿಂತ ಮೊದಲು ಬಿಸಿಬಿಸಿ ಊಟ. ಜೀವಮಾನದಲ್ಲಿ ಅವಳು ಮೊದಲು ಉಣ್ಣುತ್ತಿದ್ದ ದಿನಗಳು ಇವೇ ಇರಬೇಕು! "ಬಾಣಂತಿಗೆ ಹಾಗೆ ಮಾಡಬಾರದು, ಹೀಗೆ ಮಾಡಬಾರದು" ಎಂಬ ಎಷ್ಟೋ ಕಟ್ಟಳೆಗಳು ನಿಜವಾಗಿ ಅವಳನ್ನು ಕೆಲಸದಿಂದ ಉಳಿಸುವ ಉಪಾಯಗಳಾಗಿದ್ದವು ಎಂದು ನನ್ನ ಭಾವನೆ. ಹೆರಿಗೆಯಾದ ಮೇಲೆ ಗರ್ಭಕೋಶವನ್ನು ಹಿಡಿದಿಡುವ ಸ್ನಾಯುಗಳು ಬಿಗಿಯಾಗಲು ವಾರಗಳೇ ಬೇಕು. ಹತ್ತನೆಯ ದಿನಕ್ಕೆ ಕೊಡ ಹೊರುವ ಬಡ ಹೆಂಗಸರಲ್ಲಿ ಮುಂದೆ ಗರ್ಭಕೋಶ ಜಾರುವ ತೊಂದರೆ ಹೆಚ್ಚಾಗಿ ಕಾಣುವುದಕ್ಕೆ ಇದೂ ಒಂದು ಕಾರಣ.

ಆದರೆ "ನಮ್ಮ ಕಾಲದವರು ಗಟ್ಟಿ" ಎಂಬ ಮಾತನ್ನು ಸ್ವಲ್ಪ ನಿಧಾನವಾಗಿ ಒಪ್ಪಬೇಕು. ಈ ಮಾತು ಹೇಳುತ್ತಿರುವವರು ಬದುಕಿ ಉಳಿದವರು. ಉಳಿಯದವರು ಹೇಳಲು ಬರುವುದಿಲ್ಲ. ದೇಶದ ಆರೋಗ್ಯ ಸ್ಥಿತಿಯನ್ನು ಪರಿಶೀಲಿಸಿದ ಭೋರ್ ಸಮಿತಿ 1946ರಲ್ಲಿ ಕೊಟ್ಟ ವರದಿಯಂತೆ ಆಗ ಪ್ರತಿ ಸಾವಿರ ಹೆರಿಗೆಗೆ ಸುಮಾರು 20 ತಾಯಂದಿರು ಸಾಯುತ್ತಿದ್ದರು. ಒಬ್ಬಳು ಎಂಟು ಸಲ ಹೆರುತ್ತಾಳೆಂದು ಲೆಕ್ಕ ಹಾಕಿದರೆ, ಸುಮಾರು ಏಳು ಮಂದಿ ತಾಯಂದಿರಲ್ಲಿ ಒಬ್ಬಳು ಹೆರಿಗೆಯಿಂದಲೇ ಸಾಯುತ್ತಿದ್ದಳು ಎಂದಾಗುತ್ತದೆ. 2018-20ರ ಸರ್ಕಾರಿ ಅಂಕಿ ಅಂಶದ ಪ್ರಕಾರ ಒಂದು ಲಕ್ಷ ಜೀವಂತ ಜನನಕ್ಕೆ ದೇಶದಲ್ಲಿ 97 ಮತ್ತು ಕರ್ನಾಟಕದಲ್ಲಿ 69 ತಾಯಂದಿರ ಸಾವು ಸಂಭವಿಸಿದೆ. ಹಳೆಯ ಲೆಕ್ಕವನ್ನು ಇದೇ ಅಳತೆಗೆ ತಂದರೆ ಅದು ಎರಡು ಸಾವಿರ. ನಿಮ್ಮ ವಂಶದಲ್ಲೂ "ಅವಳು ಬಾಣಂತನದಲ್ಲೇ ಹೋದಳಂತೆ" ಎಂಬ ಮಾತು ಕೇಳಿರಬಹುದು. ಅಜ್ಜನಿಗೆ ಎರಡನೆಯ ಮದುವೆ ಏಕಾಯಿತೆಂದು ವಿಚಾರಿಸಿ ನೋಡಿ.

ಒನಕೆಯ ಕಾಲ ಹೋಗಿ ಗಿರಣಿ ಬಂತು

ಈಗ ಪಥ್ಯದ ತಟ್ಟೆಗೆ ಬರೋಣ. ಹಳೆಯ ಅಕ್ಕಿಯ ಅನ್ನ, ಮೆಣಸು ಜೀರಿಗೆಯ ಸಾರು, ಸುಟ್ಟ ಬೆಳ್ಳುಳ್ಳಿ, ತುಪ್ಪ. ಬೇಳೆ ವಾಯು, ಸೊಪ್ಪು ತಂಪು, ಹಣ್ಣು ಶೀತ, ಮೊಸರು ಬೇಡವೇ ಬೇಡ. ಎಲ್ಲ ಮನೆಗಳಲ್ಲೂ ಇಷ್ಟು ಬಿಗಿ ಇರಲಿಕ್ಕಿಲ್ಲ. ಆದರೆ ಮೊದಲ ಕೆಲವು ವಾರ ಬರಿಯ ಅನ್ನ ಸಾರಿನಲ್ಲೇ ಕಳೆಯುವ ಪದ್ಧತಿ ನಮ್ಮಲ್ಲಿ ಇನ್ನೂ ಇದೆ.

ಅಜ್ಜಿಯೂ ಇದನ್ನೇ ಉಂಡಿದ್ದಳು, ನಿಜ. ಆದರೆ ಅವಳ ತಟ್ಟೆಯಲ್ಲಿದ್ದುದು ಯಾವ ಅಕ್ಕಿ? ಒರಳಿನಲ್ಲಿ ಒನಕೆಯಿಂದ ಕುಟ್ಟಿ ಮೊರದಲ್ಲಿ ಕೇರಿದ ಕೊಟ್ಟಣದ ಅಕ್ಕಿ. ಎಷ್ಟೇ ಕುಟ್ಟಿದರೂ ಅದರ ಮೇಲಿನ ಕೆಂಪು ಪದರ, ಅಂದರೆ ತೌಡು, ಪೂರ್ತಿ ಹೋಗುತ್ತಿರಲಿಲ್ಲ. ಕಾಳಿನ ಮೊಳಕೆಯ ಮೂತಿಯೂ ಅಲ್ಪಸ್ವಲ್ಪ ಉಳಿಯುತ್ತಿತ್ತು. ಥಯಾಮಿನ್ ಅಥವಾ ಬಿ-1 ಎಂಬ ಜೀವಸತ್ವ ಅಕ್ಕಿಯಲ್ಲಿ ಹೆಚ್ಚಾಗಿ ಇರುವುದು ಈ ತೌಡು ಮತ್ತು ಮೂತಿಗಳಲ್ಲೇ. ಗಿರಣಿಯಲ್ಲಿ ಮಲ್ಲಿಗೆಯಂತೆ ಬೆಳ್ಳಗೆ ಪಾಲಿಶ್ ಮಾಡಿದಾಗ ಅದರ ಬಹುಪಾಲು ದನಗಳ ಪಾಲಾಗುತ್ತದೆ. ಉಳಿದ ಚೂರುಪಾರನ್ನು ನಾವು ನಾಲ್ಕು ಸಲ ತೊಳೆದು, ಗಂಜಿ ಬಸಿದು ಚೆಲ್ಲಿ ಕಳೆಯುತ್ತೇವೆ. ಬಿ-1 ನೀರಿನಲ್ಲಿ ಕರಗುವ ಜೀವಸತ್ವ.

ದಿನವಿಡೀ ಒನಕೆ ಹಿಡಿದವರಿಗೆ ಗಿರಣಿ ಬಂದಾಗ ಆದ ಸಂತೋಷವನ್ನು ನಾನು ಹಳಿಯುವುದಿಲ್ಲ. ಒಂದು ಸೇರು ಭತ್ತ ಕುಟ್ಟಿ ನೋಡಿದ ಯಾರೂ ಹೆಂಗಸರಿಗೆ "ಮತ್ತೆ ಒರಳಿಗೆ ಹೋಗಿ" ಎಂದು ಉಪದೇಶ ಮಾಡಲಾರರು. ಪಥ್ಯದ ಪಟ್ಟಿಯನ್ನು ಗಿರಣಿಯ ಕಾಲಕ್ಕೆ ತಕ್ಕಂತೆ ಯಾರೂ ತಿದ್ದಲಿಲ್ಲ ಎಂಬುದಷ್ಟೇ ತೊಂದರೆ.

ಬಿ-1 ಕಡಮೆಯಾದರೆ ಬರುವ ರೋಗಕ್ಕೆ ಬೆರಿಬೆರಿ ಎಂದು ಹೆಸರು. ಜಾವಾ ದ್ವೀಪದಲ್ಲಿದ್ದ ಡಚ್ ವೈದ್ಯ ಐಕ್‌ಮನ್ 1890ರ ದಶಕದಲ್ಲಿ, ಪಾಲಿಶ್ ಅಕ್ಕಿ ತಿಂದ ಕೋಳಿಗಳ ಕಾಲು ಬಿದ್ದು ಹೋಗುವುದನ್ನೂ ತೌಡು ಸಹಿತ ಅಕ್ಕಿ ಕೊಟ್ಟರೆ ಅವು ಚೇತರಿಸಿಕೊಳ್ಳುವುದನ್ನೂ ಕಂಡರು. ಈ ಕೆಲಸಕ್ಕೆ 1929ರಲ್ಲಿ ಅವರಿಗೆ ನೊಬೆಲ್ ಪ್ರಶಸ್ತಿಯಲ್ಲಿ ಪಾಲು ದೊರೆಯಿತು. ನಮ್ಮ ದೇಶದಲ್ಲಿ ಗಿರಣಿಯ ಹಸಿ ಅಕ್ಕಿ ಉಣ್ಣುತ್ತಿದ್ದ ಆಂಧ್ರದ ಕರಾವಳಿ ಜಿಲ್ಲೆಗಳಲ್ಲಿ ಬೆರಿಬೆರಿ ಬಹಳ ಕಾಲ ಬೀಡುಬಿಟ್ಟಿತ್ತು. ಕುಚ್ಚಲಕ್ಕಿ ಉಣ್ಣುವವರಲ್ಲಿ ಅದು ಅಪರೂಪ. ಏಕೆಂದರೆ ಭತ್ತವನ್ನು ಬೇಯಿಸಿ ಒಣಗಿಸುವಾಗ ತೌಡಿನ ಬಿ-1 ಕಾಳಿನ ಒಳಕ್ಕೆ ಇಳಿಯುತ್ತದೆ. ಆಮೇಲೆ ಗಿರಣಿಗೆ ಹಾಕಿದರೂ ಅದು ಪೂರ್ತಿ ಹೋಗುವುದಿಲ್ಲ. ನಮ್ಮ ದಕ್ಷಿಣ ಕನ್ನಡದವರ ಕುಚ್ಚಲಕ್ಕಿ ಗಂಜಿ ಈ ದೃಷ್ಟಿಯಿಂದ ಬಲು ಒಳ್ಳೆಯ ಆಹಾರ.

ಇದೆಲ್ಲ ಹಳೆಯ ಪುಸ್ತಕದ ರೋಗ ಎಂದುಕೊಳ್ಳಬೇಡಿ. ಎದೆಹಾಲು ಮಾತ್ರ ಕುಡಿಯುತ್ತಿದ್ದ, ಚೆನ್ನಾಗಿಯೇ ಬೆಳೆಯುತ್ತಿದ್ದ ಎರಡು ಮೂರು ತಿಂಗಳ ಕೂಸು ಇದ್ದಕ್ಕಿದ್ದಂತೆ ಹಾಲು ಬಿಡುತ್ತದೆ, ವಾಂತಿ ಮಾಡುತ್ತದೆ, ಏದುಸಿರು ಬಿಡುತ್ತದೆ, ನರಳುತ್ತದೆ. ಪರೀಕ್ಷಿಸಿದರೆ ಹೃದಯದ ಬಲಭಾಗ ಹಿಗ್ಗಿದೆ, ಶ್ವಾಸಕೋಶದ ರಕ್ತನಾಳಗಳಲ್ಲಿ ಒತ್ತಡ ವಿಪರೀತ ಏರಿದೆ. ಇಂಥ ಮಕ್ಕಳನ್ನು ಕುರಿತು ಬೆಂಗಳೂರಿನ ಜಯದೇವ ಹೃದ್ರೋಗ ಸಂಸ್ಥೆಯ ವೈದ್ಯರು ನಡೆಸಿದ ಅಧ್ಯಯನ 2021ರಲ್ಲಿ ಪ್ರಕಟವಾಗಿದೆ. ಥಯಾಮಿನ್ ಚುಚ್ಚುಮದ್ದು ಕೊಟ್ಟಾಗ ಹೆಚ್ಚಿನ ಮಕ್ಕಳು ಬೇಗನೆ ಚೇತರಿಸಿಕೊಂಡರು. ತಾಯಂದಿರ ಊಟ ವಿಚಾರಿಸಿದರೆ ಬರಿಯ ಪಾಲಿಶ್ ಅಕ್ಕಿಯ ಪಥ್ಯ! ಸಕಾಲಕ್ಕೆ ಗುರುತಿಸದಿದ್ದರೆ ಇಂಥ ಮಗು ಒಂದೆರಡು ದಿನದಲ್ಲೇ ತೀರಿಕೊಳ್ಳಬಹುದು. ಹಿಂದೆ "ಬಾಲಗ್ರಹ", "ದೃಷ್ಟಿ" ಎಂದು ಹೇಳಿ ಮಣ್ಣು ಮಾಡಿದ ಕೂಸುಗಳಲ್ಲಿ ಕೆಲವಾದರೂ ಈ ರೋಗದವು ಇದ್ದಿರಬೇಕು.

"ತಾಯಿ ಚೆನ್ನಾಗಿಯೇ ಇದ್ದಾಳಲ್ಲ?" ಎಂದು ನೀವು ಕೇಳಬಹುದು. ಇಲ್ಲೇ ಮೋಸವಿರುವುದು. ದೇಹದಲ್ಲಿ ಬಿ-1ರ ದಾಸ್ತಾನು ಎರಡು ಮೂರು ವಾರಕ್ಕೆ ಸಾಲುವಷ್ಟು ಮಾತ್ರ. ತಾಯಿಯ ಊಟದಲ್ಲಿ ಇಲ್ಲದ್ದು ಹಾಲಿನಲ್ಲೂ ಇರುವುದಿಲ್ಲ. ತಾಯಿಗೆ ಕೈಕಾಲು ಜೋಮು, ಸುಸ್ತು ಇದ್ದರೂ ಇರಬಹುದು, ಇಲ್ಲದಿದ್ದರೂ ಇಲ್ಲ. ವೇಗವಾಗಿ ಬೆಳೆಯುವ ಕೂಸಿಗೆ ಮಾತ್ರ ಕೊರತೆ ಬೇಗ ತಟ್ಟುತ್ತದೆ. ಹೀಗೆಂದು ಎದೆಹಾಲು ನಿಲ್ಲಿಸಬೇಡಿ, ತಾಯಿಯ ಊಟ ಸರಿಪಡಿಸಿ. ಊಟದ ಮೇಲೆ ಬಾಣಂತಿಗೆ ಎಲೆ ಅಡಿಕೆ ಕೊಡುವ ರೂಢಿಯೂ ಇದೆಯಲ್ಲ. ಅಡಿಕೆ ಮತ್ತು ಚಹದಲ್ಲಿರುವ ಒಗರಿನ ಅಂಶ ಈ ಜೀವಸತ್ವಕ್ಕೆ ಶತ್ರು.

ಬಾಯಾರಿದವಳಿಗೆ ನೀರು

ಪಥ್ಯದಲ್ಲಿ ನನಗೆ ಅತ್ಯಂತ ಕ್ರೂರವಾಗಿ ಕಾಣುವುದು ನೀರಿನ ಕಟ್ಟು. ದಿನಕ್ಕೆ ಒಂದೆರಡು ಲೋಟಕ್ಕಿಂತ ಹೆಚ್ಚು ಕುಡಿದರೆ ಹೊಟ್ಟೆ ದಪ್ಪವಾಗುತ್ತದೆ, ಮಗುವಿಗೆ ಶೀತವಾಗುತ್ತದೆ ಎಂದು ಹೆದರಿಸುತ್ತಾರೆ. ಕೆರೆ ಬಾವಿಗಳ ನೀರಿನಿಂದ ಕಾಲರಾ, ವಿಷಮಶೀತಜ್ವರ ಬರುತ್ತಿದ್ದ ಕಾಲದಲ್ಲಿ ಈ ಭಯಕ್ಕೆ ಏನೋ ಅರ್ಥ ಇದ್ದಿರಬಹುದು. ಕಾಯಿಸಿದ ನೀರು ಸಿಗುವ ಇಂದು ಅದಕ್ಕೆ ಅರ್ಥವಿಲ್ಲ.

ಹಾಲೂಡುವ ತಾಯಿಯ ದೇಹದಿಂದ ದಿನಕ್ಕೆ ಸುಮಾರು ಮುಕ್ಕಾಲು ಲೀಟರು ಹಾಲು ಹೋಗುತ್ತದೆ. ಜೊತೆಗೆ ಬಿಸಿನೀರಿನ ಸ್ನಾನ, ಕಂಬಳಿ, ಬೆಂಕಿಯ ಕಾವಿನಿಂದ ಬೆವರು. ಇನ್ನೊಂದು ಮುಖ್ಯ ಸಂಗತಿ ಎಂದರೆ, ಹೆರಿಗೆಯಲ್ಲಿ ರಕ್ತಸ್ರಾವ ನಿಲ್ಲಲೆಂದು ಪ್ರಕೃತಿಯೇ ಬಸುರಿಯ ಮತ್ತು ಬಾಣಂತಿಯ ರಕ್ತಕ್ಕೆ ಬೇಗ ಹೆಪ್ಪುಗಟ್ಟುವ ಗುಣ ಕೊಟ್ಟಿರುತ್ತದೆ. ಹೆರಿಗೆಯ ಬಳಿಕ ಸುಮಾರು ಆರು ವಾರ ಇದು ಉಳಿಯುತ್ತದೆ. ಅದರ ಮೇಲೆ ನೀರೂ ಇಲ್ಲದೆ ರಕ್ತ ಮಂದವಾದರೆ ಮೆದುಳಿನ ಅಭಿಧಮನಿಗಳಲ್ಲಿ ಹೆಪ್ಪು ಕಟ್ಟಬಹುದು. ಬೆಂಗಳೂರಿನ ನಿಮ್ಹಾನ್ಸ್ ವೈದ್ಯರು ಇಂಥ ಬಾಣಂತಿಯರಿಗೆ ಬಹಳ ವರ್ಷಗಳಿಂದ ಚಿಕಿತ್ಸೆ ನೀಡುತ್ತ, ಈ ರೋಗವನ್ನು ಅಧ್ಯಯನ ಮಾಡುತ್ತ ಬಂದಿದ್ದಾರೆ. ತಡೆಯಲಾರದ ತಲೆನೋವು, ಫಿಟ್ಸ್, ಒಂದು ಪಕ್ಕದ ಕೈಕಾಲು ಸೋಲುವುದು, ಮಂಪರು, ಇವು ಲಕ್ಷಣಗಳು. ಇದನ್ನೇ ಹಳ್ಳಿಗಳಲ್ಲಿ ಸನ್ನಿ ಎಂದು, ಗಾಳಿ ಸೋಕಿತೆಂದು ಕರೆದು ಮಂತ್ರ ಹಾಕಿಸುತ್ತ ಕೂತು ಹೊತ್ತು ಕಳೆಯುವುದುಂಟು. ಬೇಗ ಬಂದರೆ ಬಹುಮಂದಿ ಗುಣವಾಗುತ್ತಾರೆ. ನೀರು ಕುಡಿದ ಮಾತ್ರಕ್ಕೆ ಈ ರೋಗ ಯಾರಿಗೂ ಬರುವುದೇ ಇಲ್ಲ ಎನ್ನಲಾಗದು. ಆದರೆ ನಮ್ಮ ಕೈಲಿರುವ ಒಂದು ಕಾರಣವನ್ನಾದರೂ ತಪ್ಪಿಸಬಹುದು. ಬಾಯಾರಿದಾಗಲೆಲ್ಲ ಕುಡಿಯಲಿ. ಬೆಚ್ಚಗಿನ ನೀರೇ ಆಗಲಿ ಎಂದು ಅತ್ತೆಯವರು ಹಟ ಹಿಡಿದರೆ ಧಾರಾಳವಾಗಿ ಒಪ್ಪಿಕೊಳ್ಳಿ.

ಕೊನೆಯಲ್ಲಿ ಉಣ್ಣುವವಳ ರಕ್ತ

ಲೂಸಿ ವಿಲ್ಸ್ ಎಂಬ ಇಂಗ್ಲಿಷ್ ವೈದ್ಯೆ 1928ರಲ್ಲಿ ಮುಂಬಯಿಗೆ ಬಂದು, ಬಟ್ಟೆ ಗಿರಣಿಗಳಲ್ಲಿ ದುಡಿಯುವ ಬಸುರಿಯರಿಗೆ ಬರುತ್ತಿದ್ದ ಭೀಕರ ರಕ್ತಹೀನತೆಯ ಕಾರಣ ಹುಡುಕಿದರು. ಸೋಂಕು ಸಿಗಲಿಲ್ಲ, ಕಂಡದ್ದು ಊಟದ ಬಡತನ. ಮಾರ್ಮೈಟ್ ಎಂಬ ಯೀಸ್ಟಿನ ಅಗ್ಗದ ಸಾರವನ್ನು ಕೊಟ್ಟು ಅವರು ಆ ತಾಯಂದಿರನ್ನು ಗುಣಪಡಿಸಿದರು. ಅದರಲ್ಲಿದ್ದ ಗುಟ್ಟಿನ ವಸ್ತುವನ್ನು 1941ರಲ್ಲಿ ಪಾಲಕ್ ಸೊಪ್ಪಿನಿಂದ ಬೇರ್ಪಡಿಸಿ ಫೋಲಿಕ್ ಆಮ್ಲ ಎಂದು ಕರೆದರು. ಇಂದು ಬಸುರಿಯರಿಗೆ ಆಶಾ ಕಾರ್ಯಕರ್ತೆ ತಂದುಕೊಡುವ ಮಾತ್ರೆಯಲ್ಲಿ ಕಬ್ಬಿಣದ ಜೊತೆ ಇರುವುದು ಅದೇ. ಮುಂಬಯಿಯ ಬಡ ತಾಯಂದಿರ ಋಣ ಹೀಗೆ ಲೋಕದ ಎಲ್ಲ ಬಸುರಿಯರ ಮೇಲಿದೆ!

ಆದರೂ 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ ಕರ್ನಾಟಕದಲ್ಲಿ 15ರಿಂದ 49 ವರ್ಷದ ನೂರು ಮಂದಿ ಹೆಂಗಸರಲ್ಲಿ ಸುಮಾರು 48 ಮಂದಿಗೆ ರಕ್ತಹೀನತೆ ಇದೆ. ಒರಳು ಹೋಯಿತು, ಒಲೆ ಹೋಯಿತು, ಎಲ್ಲರೂ ಉಂಡ ಮೇಲೆ ಉಣ್ಣುವ ರೂಢಿ ಹಲವು ಮನೆಗಳಲ್ಲಿ ಹೋಗಿಲ್ಲ. ಕಬ್ಬಿಣದ ಮಾತ್ರೆ ಹೆರಿಗೆಯಾದ ಮೇಲೂ ಆರು ತಿಂಗಳು ಬೇಕು. "ಮಗು ಹುಟ್ಟಿತಲ್ಲ" ಎಂದು ಡಬ್ಬಿ ಮೂಲೆಗೆ ಸೇರಿಸಬೇಡಿ. ಮಾತ್ರೆಯ ಆಸುಪಾಸಿನಲ್ಲಿ ಕಾಫಿ, ಚಹ ಬೇಡ. ನಿಂಬೆಹಣ್ಣಿನ ಪಾನಕವೋ ನೆಲ್ಲಿಕಾಯಿಯೋ ಇದ್ದರೆ ಒಳ್ಳೆಯದು.

ಉಳಿದ ಕೆಲವು ಮಾತು

ಹೊಕ್ಕುಳಬಳ್ಳಿಗೆ ಸಗಣಿ ಬೂದಿ, ಅರಿಸಿನ ಹಚ್ಚುವುದರಿಂದ, ಕುಡುಗೋಲಿನಿಂದ ಕೊಯ್ಯುವುದರಿಂದ ಬರುತ್ತಿದ್ದ ಧನುರ್ವಾಯು ಹಿಂದೆ ವಾರದೊಳಗಿನ ಎಷ್ಟೋ ಕೂಸುಗಳನ್ನು ಒಯ್ದಿತು. ತಾಯಿಗೆ ಬಸುರಿನಲ್ಲಿ ಕೊಡುವ ಚುಚ್ಚುಮದ್ದು ಹಾಗೂ ಶುದ್ಧ ಹೆರಿಗೆಯಿಂದಾಗಿ ಭಾರತ 2015ರಲ್ಲಿ ಈ ಪೀಡೆಯಿಂದ ಬಿಡುಗಡೆ ಹೊಂದಿತೆಂದು ವಿಶ್ವ ಆರೋಗ್ಯ ಸಂಸ್ಥೆ ಸಾರಿದೆ. ಸೂಲಗಿತ್ತಿಯರನ್ನು ಹಳಿಯುವುದು ನನ್ನ ಉದ್ದೇಶವಲ್ಲ. ಪಾವಗಡ ತಾಲ್ಲೂಕಿನ ಸೂಲಗಿತ್ತಿ ನರಸಮ್ಮನವರು ಸಾವಿರಾರು ಹೆರಿಗೆ ಮಾಡಿಸಿ, ಒಂದು ಕಾಸೂ ಕೇಳದೆ, 2018ರಲ್ಲಿ ಪದ್ಮಶ್ರೀ ಪಡೆದವರು. ಆ ಕೈಗಳ ಜಾಣ್ಮೆಗೆ ಶುದ್ಧ ಬ್ಲೇಡು, ಸಾಬೂನು ಜೊತೆಗೂಡಬೇಕಿತ್ತು, ಅಷ್ಟೆ.

ಮೊದಲ ದಿನದ ಹಳದಿ ಹಾಲನ್ನು ಹಿಂಡಿ ಚೆಲ್ಲಿ ಕೂಸಿಗೆ ಜೇನು, ಸಕ್ಕರೆ ನೀರು ನೆಕ್ಕಿಸುವುದು ಈಗಲೂ ಕೆಲವೆಡೆ ಇದೆ. ಆ ಹಾಲು ಕೂಸಿನ ಮೊದಲ ಲಸಿಕೆ ಇದ್ದ ಹಾಗೆ, ಹುಟ್ಟಿದ ಒಂದು ಗಂಟೆಯೊಳಗೆ ಕುಡಿಸಬೇಕು. ಜೇನು ಒಂದು ವರ್ಷ ತುಂಬುವವರೆಗೂ ಬೇಡ.

ಅಗ್ಗಿಷ್ಟಿಕೆಯ ವಿಷಯ ಇನ್ನೂ ಗಂಭೀರ. ಸೋರುವ ಗಾಳಿ ಓಡಾಡುವ ಹೆಂಚಿನ ಮನೆಯಲ್ಲಿ ಇದ್ದಿಲ ಕೆಂಡ ಇಟ್ಟುಕೊಂಡದ್ದಕ್ಕೂ ಕಿಟಕಿ ಬಾಗಿಲು ಜಡಿದ ತಾರಸಿಯ ಕೋಣೆಯಲ್ಲಿ ಇಟ್ಟುಕೊಳ್ಳುವುದಕ್ಕೂ ಅಜಗಜಾಂತರ. ಇದ್ದಿಲಿನಿಂದ ಹೊರಡುವ ಇಂಗಾಲದ ಮಾನಾಕ್ಸೈಡಿಗೆ ಬಣ್ಣವಿಲ್ಲ, ವಾಸನೆಯಿಲ್ಲ. ನಿದ್ದೆಯಲ್ಲೇ ತಾಯಿ ಮಗು ಇಬ್ಬರನ್ನೂ ಕೊಲ್ಲಬಲ್ಲದು. ಸಾಮ್ರಾಣಿ ಹೊಗೆಯೂ ಕೂಸಿನ ಎಳೆಯ ಶ್ವಾಸಕೋಶಕ್ಕೆ ಹಿತವಲ್ಲ. ಕೂಸನ್ನು ಬೆಚ್ಚಗಿಡಲು ತಾಯಿಯ ಮೈಯ ಕಾವು ಮತ್ತು ಒಂದು ಟೋಪಿ ಸಾಕು.

ಅತ್ತೆಯವರಿಗೂ ಒಪ್ಪಿಗೆಯಾಗುವ ಊಟ

ಹಾಗಾದರೆ ಬಾಣಂತಿ ಏನು ಉಣ್ಣಬೇಕು? ಮೆಣಸಿನ ಸಾರು, ಬೆಳ್ಳುಳ್ಳಿ, ಬಾಣಂತಿ ಖಾರ ಎಲ್ಲವೂ ಇರಲಿ, ಅವುಗಳಿಂದ ಕೆಡುಕಿಲ್ಲ. ತುಪ್ಪ ಮಿತಿಯಲ್ಲಿರಲಿ. ಅಜ್ಜಿಯ ಹಾಗೆ ಮುಂದೆ ದಿನಕ್ಕೆ ಇಪ್ಪತ್ತು ಕೊಡ ನೀರು ಹೊರುವ ಕೆಲಸ ನಿಮಗಿಲ್ಲ. ಅನ್ನಕ್ಕೆ ಕುಚ್ಚಲಕ್ಕಿ ಅಥವಾ ಕಡಮೆ ಪಾಲಿಶಿನ ಅಕ್ಕಿ ಬಳಸಿ, ಒಂದೇ ಸಲ ತೊಳೆದು, ಗಂಜಿ ಬಸಿಯದೆ ಮಾಡಿ. ಒಂದು ಹೊತ್ತು ರಾಗಿಮುದ್ದೆಯೋ ರಾಗಿ ಗಂಜಿಯೋ ಗೋಧಿಯ ಚಪಾತಿಯೋ ಇರಲಿ. ಸಾರಿಗೆ ತೊಗರಿ ಅಥವಾ ಹೆಸರುಬೇಳೆ ಧಾರಾಳವಾಗಿ ಬೀಳಲಿ. "ವಾಯು" ಎಂದರೆ ಇಂಗು, ಶುಂಠಿ ಹಾಕಿ. ಸಬ್ಬಸಿಗೆ, ನುಗ್ಗೆ ಸೊಪ್ಪು, ಎಳ್ಳು, ಕಡಲೆಕಾಯಿ, ಮೊಟ್ಟೆ, ಮೀನು, ಮಾಂಸ, ನಿಮ್ಮ ಮನೆಯ ಪದ್ಧತಿಗೆ ಒಗ್ಗಿದ್ದು ಯಾವುದಾದರೂ ಸರಿ. ಮಲೆನಾಡು ಕೊಡಗಿನ ಕಡೆ ಹಂದಿಮಾಂಸ ತಿನ್ನುವವರಿಗೆ ಅದರಲ್ಲಿ ಬಿ-1 ಹೇರಳವಾಗಿ ಸಿಗುತ್ತದೆ. ಹಣ್ಣಿನಿಂದ ಹಾಲು ತಣ್ಣಗಾಗುವುದಿಲ್ಲ. ಎದೆಯ ಹಾಲು ಯಾವಾಗಲೂ ಮೈಯ ಬಿಸಿಯಲ್ಲೇ ಇರುತ್ತದೆ. ಅಂಟಿನುಂಡೆಗೆ ಹುರಿದ ಕಡಲೆಕಾಯಿ, ಎಳ್ಳು ಸೇರಿಸಿದರೆ ಯಾರ ಮನಸ್ಸಿಗೂ ನೋವಾಗದು.

ಬಾಣಂತಿಗೆ ಜ್ವರ, ವಾಸನೆಯ ಸ್ರಾವ, ಹೆಚ್ಚು ರಕ್ತ ಹೋಗುವುದು, ಕಾಲಿನ ಮೀನಖಂಡ ಒಂದೇ ಪಕ್ಕ ಊದಿ ನೋಯುವುದು, ಮೇಲೆ ಹೇಳಿದ ತಲೆನೋವು ಅಥವಾ ಫಿಟ್ಸ್ ಕಂಡರೆ ಒಂದು ಕ್ಷಣವೂ ಕಾಯದೆ 108ಕ್ಕೆ ಕರೆ ಮಾಡಿ. ಕೂಸು ಹಾಲು ಬಿಟ್ಟರೆ, ಉಸಿರಾಟ ವೇಗವಾದರೆ, ಅಳುವ ದನಿ ಗೊಗ್ಗರಾದರೆ ಅಥವಾ ದನಿಯೇ ಹೊರಡದಿದ್ದರೆ ಅದೇ ದಿನ, ಅದೇ ಗಂಟೆ ಮಕ್ಕಳ ವೈದ್ಯರ ಬಳಿಗೆ ಒಯ್ಯಿರಿ. ಮೇಲುನೋಟಕ್ಕೆ ಇದು ನ್ಯುಮೋನಿಯಾದಂತೆಯೇ ಕಾಣುತ್ತದೆ. ಆದುದರಿಂದ ವೈದ್ಯರು ಕೇಳದಿದ್ದರೂ ನೀವಾಗಿಯೇ ಹೇಳಿ: ತಾಯಿ ಎಷ್ಟು ದಿನದಿಂದ ಪಥ್ಯದಲ್ಲಿದ್ದಾಳೆ, ಯಾವ ಅಕ್ಕಿ ಉಣ್ಣುತ್ತಿದ್ದಾಳೆ, ಬೇಳೆ ಕಾಳು ಮುಟ್ಟಿ ಎಷ್ಟು ದಿನವಾಯಿತು.